ಹರಿಯದ ಕಾಗದದ ಪಟ್ಟಿ

ನಾನು ಸಿನಿಮಾದಲ್ಲಿ ಕಾಣಿಸಿಕೊಂಡದ್ದು ಒಂದೇ ಒಂದು ಸಲ, ಅದೂ ಪೂರ್ತಿಯಾಗಿ ಅಲ್ಲ. ಗ್ರೀಕ್ ರಾಜಧಾನಿಯ ಕಿಪ್ಸೆಲಿ ಬಡಾವಣೆಯಲ್ಲಿ ನಮ್ಮ ಬೀದಿಯ ಬಯಲು ಚಿತ್ರಮಂದಿರಕ್ಕೆ ಆ ಸಂಜೆ ಅಮ್ಮನನ್ನೂ ನಮ್ಮ ಬೀದಿಯ ಕ್ಷೌರಿಕನನ್ನೂ, ಮುಂದೆ ನನ್ನ ಹೆಂಡತಿಯಾಗಲಿದ್ದು ಆಗ ಇನ್ನೂ ಮನಸ್ಸು ಮಾಡದಿದ್ದ ಫ್ರೋಸೊಳನ್ನೂ ಕರೆದುಕೊಂಡು ಹೋಗಿ ಮುಂದಿನ ಸಾಲಿನಲ್ಲೇ ಕೂರಿಸಿದ್ದೆ. ನನ್ನದು ಹೋಟೆಲಿನ ಮಾಣಿಯ ಪಾತ್ರ. ನಾಯಕನ ಮುಂದೆ ಕರಿದ ಮೀನಿನ ತಟ್ಟೆ ಇಟ್ಟು, ‘ಬಿಸಿ ಇದೆ, ನಿಧಾನ ಸ್ವಾಮಿ’ ಎನ್ನಬೇಕು. ಈ ಒಂದು ಮಾತನ್ನು ನಾನು ಕನ್ನಡಿಯ ಮುಂದೆ ದುಃಖದಲ್ಲಿ, ವ್ಯಂಗ್ಯದಲ್ಲಿ, ಏನೋ ಗುಟ್ಟು ಬಲ್ಲವನ ಗತ್ತಿನಲ್ಲಿ ಎಲ್ಲಾ ಹೇಳಿ ನೋಡಿಕೊಂಡಿದ್ದೆ.

ದೃಶ್ಯ ಬಂತು. ತಟ್ಟೆ ಬಂತು. ತಟ್ಟೆಯ ಹಿಂದೆ ಒಂದು ಮೊಣಕೈ ಬಂತು. ಮರುಕ್ಷಣ ನಾಯಕಿ ಅಳುತ್ತಿದ್ದಳು.

ಫ್ರೋಸೊ ಸೂರ್ಯಕಾಂತಿ ಬೀಜ ಸುಲಿಯುವುದನ್ನು ನಿಲ್ಲಿಸಿ, “ನೀನು ಯಾವಾಗ ಬರ್ತೀಯಾ?” ಎಂದಳು.

“ಬಂದು ಹೋದ ಕಣಮ್ಮಾ,” ಎಂದ ಕ್ಷೌರಿಕ. “ಮೊಣಕೈ ಮಾತ್ರ ಏನು ಅಭಿನಯ ಮಾಡ್ತು ಅಂತೀಯಾ. ಅದಕ್ಕೇ ಮುಂದಕ್ಕೆ ಅವಕಾಶ ಸಿಗಬಹುದು.”

ಮಾರನೆಯ ಬೆಳಿಗ್ಗೆ ನಾನು ಸ್ಟುಡಿಯೋಗೆ ಹೋದೆ. ನನ್ನನ್ನು ಕೊಂದವರು ಯಾರೆಂದು ಕೇಳಿದೆ. ಹಿಂದಿನ ಅಂಗಳದ ಕಡೆ ಕೈ ತೋರಿಸಿದರು. ಕಿಟಕಿಯಿಲ್ಲದ ಕೋಣೆ. ಮೂಗಿಗೆ ಅಡರುವ ಅಂಟಿನ ವಾಸನೆ. ಗೋಡೆಯ ಮೊಳೆಗಳಿಂದ ಫಿಲ್ಮಿನ ತುಂಡುಗಳು ಒಣಹಾಕಿದ ಶಾವಿಗೆಯಂತೆ ಇಳಿಬಿದ್ದಿದ್ದವು. ಅವುಗಳ ನಡುವೆ ಕತ್ತರಿ ಹಿಡಿದು ಕೂತಿದ್ದವರು ಎವಾಂಥಿಯಕ್ಕ. ಆಗ ಅವರಿಗೆ ಮೂವತ್ತು ತುಂಬಿರಲಿಲ್ಲ, ಆದರೂ ನೋಡಿದ ತಕ್ಷಣ ನನ್ನ ಬಾಯಿಗೆ ‘ಅಕ್ಕ’ ಎಂದೇ ಬಂತು.

“ಅಕ್ಕಾ, ಆ ಮಾಣಿ ನಾನೇ,” ಎಂದೆ.

ಅವರು ತಲೆಯೆತ್ತಿ ನನ್ನ ಮುಖವನ್ನು ಚೆನ್ನಾಗಿ ನೋಡಿದರು. “ಹೌದು. ನೀನೇ.”

“ಯಾಕೆ ತೆಗೆದ್ರಿ?”

“ಆ ಹುಡುಗಿ ಮನೆಬಿಟ್ಟು ಹೋಗ್ತಿದಾಳಪ್ಪಾ. ನಿನ್ನ ಮುಖ ಬಂದ ಕೂಡ್ಲೇ ಜನ ಅವಳನ್ನ ಮರೆತು, ಈ ಮಾಣಿಗೇನೋ ಕಷ್ಟ ಇದೆ ಅಂತ ಯೋಚನೆ ಮಾಡ್ತಿದ್ರು. ಕಾಫಿ ಕುಡೀತೀಯಾ?”

ಕುಡಿದೆ. ಆ ಕಾಫಿಯ ನಂತರ ನಮ್ಮ ಸ್ನೇಹ ಮೂರು ದಶಕ ದಾಟಿತು. ಸಿಟ್ಟು ಮಾಡುವುದರಲ್ಲಿ ನಾನು ಆಗಿನ್ನೂ ಪಳಗಿರಲಿಲ್ಲ. ಆದರೆ ಎವಾಂಥಿಯಕ್ಕನ ಬದುಕನ್ನು ಹತ್ತಿರದಿಂದ ನೋಡಿದವನಿಗೆ ಆ ವಿದ್ಯೆ ತಾನಾಗಿಯೇ ಬರುತ್ತದೆ. ಅವರಿಗಂತೂ ಸಿಟ್ಟು ಮಾಡಲು ಪುರುಸೊತ್ತಿರಲಿಲ್ಲ. ಅವರ ಪಾಲಿನದನ್ನೂ ನಾನೇ ಮಾಡಬೇಕಾಯಿತು.

ಅವರು ಕೊಕ್ಕಿನಿಯಾದ ನಿರಾಶ್ರಿತರ ಕೇರಿಯವರು. ತಂದೆ ಸಮುದ್ರದಾಚೆಯ ಸ್ಮಿರ್ನಾ ಪಟ್ಟಣ ಸುಟ್ಟಾಗ ಅಲ್ಲಿಂದ ಓಡಿಬಂದ ದರ್ಜಿ. ಮಗಳು ಸ್ಟುಡಿಯೋಗೆ ಬಂದದ್ದು ನಾಯಕಿಯರ ಲಂಗದ ಅಂಚು ಹೊಲಿಯಲು. ಒಂದು ದಿನ ಎಡಿಟರ್ ಮಹಾಶಯ ಕುಡಿದು ಬಿದ್ದಿದ್ದ, ಸಿನಿಮಾ ಸೋಮವಾರ ಬಿಡುಗಡೆಯಾಗಬೇಕಿತ್ತು. ನಿರ್ಮಾಪಕ ಕೊಸ್ಮಾಸ್ ಹೊಲಿಗೆ ಕೋಣೆಗೆ ಬಂದು, “ಕತ್ತರಿ ಹಿಡಿಯೋಕೆ ಯಾರಿಗೆ ಬರತ್ತೆ?” ಎಂದು ಕೇಳಿದ. ಇವರು ಕೈಯೆತ್ತಿದರು. ಗ್ರೀಕ್ ಚಿತ್ರರಂಗದಲ್ಲಿ ಇವರಿಗೆ ನಡೆದ ಸಂದರ್ಶನ ಇಷ್ಟೇ.

ಫಿಲ್ಮಿನ ಒಂದು ಮಗ್ಗುಲು ನುಣುಪು, ಇನ್ನೊಂದಕ್ಕೆ ಲೇಪ. ಅಂಟು ಹಚ್ಚುವ ಮುಂಚೆ ಲೇಪ ಯಾವ ಕಡೆಗಿದೆ ಎಂದು ಗೊತ್ತಾಗಬೇಕು. ಎವಾಂಥಿಯಕ್ಕ ತುಂಡಿನ ತುದಿಯನ್ನು ತುಟಿಗೆ ತಾಗಿಸುತ್ತಿದ್ದರು. ಲೇಪದ ಮಗ್ಗುಲು ತುಟಿಗೆ ಅಂಟುತ್ತಿತ್ತು, ನುಣುಪಿನದು ಅಂಟುತ್ತಿರಲಿಲ್ಲ. ಇದಕ್ಕಾಗಿ ಅವರು ಎಂದೂ ತುಟಿಗೆ ಬಣ್ಣ ಹಚ್ಚಲಿಲ್ಲ, ತಮ್ಮ ಮದುವೆಯ ದಿನ ಕೂಡ. ಆ ಕಾಲದ ನಾಯಕ ನಾಯಕಿಯರು ತೆರೆಯ ಮೇಲೆ ಕೊಟ್ಟ ಒಂದೊಂದು ಮುತ್ತಿಗೂ ಮೊದಲು ಇವರ ತುಟಿ ತಾಗಿತ್ತು. ಅದನ್ನು ಯಾವ ಪತ್ರಿಕೆಯೂ ಬರೆಯಲಿಲ್ಲ. ನಾಯಕಿಯ ನಾಯಿ ಏನು ತಿನ್ನುತ್ತದೆಂದು ಬರೆದರು.

ಹೆಸರಿನ ಕಥೆ ಕೇಳಿದರೆ ನನಗೆ ಈಗಲೂ ಮೈ ಉರಿಯುತ್ತದೆ. ಸಿನಿಮಾದ ಆರಂಭದಲ್ಲಿ ಹೆಸರುಗಳು ಬರುತ್ತವಲ್ಲ, ಅಲ್ಲಿ ಎವಾಂಥಿಯಕ್ಕನದು ಕೇಶಾಲಂಕಾರದವನ ನಂತರ, ಸೋಫಾ ಒದಗಿಸಿದ ಅಂಗಡಿಗಿಂತ ಮುಂಚೆ ಬರುತ್ತಿತ್ತು. ಎಷ್ಟೋ ಸಿನಿಮಾಗಳಲ್ಲಿ ಸೋಫಾದ್ದು ಮೊದಲಾಗಿ ಇವರದು ಬಿಟ್ಟೇಹೋಗಿತ್ತು. “ಅಲ್ಲಕ್ಕಾ, ನೀವು ಕೇಳಬಾರದಾ?” ಎಂದರೆ, “ಸೋಫಾ ಚೆನ್ನಾಗಿತ್ತು,” ಎನ್ನುತ್ತಿದ್ದರು.

ಕರ್ನಲ್‌ಗಳ ಆಳ್ವಿಕೆ ಬಂತು, ಸೈನ್ಯ ಸರ್ಕಾರವನ್ನು ಉರುಳಿಸಿ ತಾನೇ ಕೂತಿತು. ಸೆನ್ಸಾರಿನವರು ಒಂದು ಹಾಸ್ಯಚಿತ್ರ ನೋಡಿ ಮುಖ ಸಿಂಡರಿಸಿದರು. ಅದರಲ್ಲಿ ಒಬ್ಬ ಪೊಲೀಸಿನವನು ಕಲ್ಲಂಗಡಿ ಸಿಪ್ಪೆಯ ಮೇಲೆ ಕಾಲಿಟ್ಟು ಜಾರಿ ಬೀಳುತ್ತಾನೆ. ನಮ್ಮ ರಾಷ್ಟ್ರದ ಪೊಲೀಸರು ಬೀಳುವುದಿಲ್ಲ ಎಂದರಂತೆ. ಎವಾಂಥಿಯಕ್ಕ ವಿಧೇಯರಾಗಿ ಬೀಳುವುದನ್ನು ಕತ್ತರಿಸಿದರು. ಏಳುವುದನ್ನು ತೆಗೆಯಿರಿ ಎಂದು ಯಾರೂ ಹೇಳಿರಲಿಲ್ಲವಾದ್ದರಿಂದ ಅದನ್ನು ಹಾಗೇ ಬಿಟ್ಟರು. ಪೊಲೀಸಿನವನು ಸಿಪ್ಪೆಯ ಹತ್ತಿರ ಬರುತ್ತಾನೆ, ಮರುಕ್ಷಣ ನೆಲದಿಂದೆದ್ದು ಪ್ಯಾಂಟು ಕೊಡವಿಕೊಳ್ಳುತ್ತಾನೆ. ಜನ ಹೊಟ್ಟೆ ಹಿಡಿದುಕೊಂಡು ನಕ್ಕರು. ಮತ್ತೆ ಕರೆಸಿ ಕೇಳಿದಾಗ, “ಬೀಳಲಿಲ್ಲವಲ್ಲ ಸಾರ್,” ಎಂದರಂತೆ ಇವರು.

ಇನ್ನು ಕೊಸ್ಮಾಸ್. ಅವನು ತುಣುಕುಗಳನ್ನು ನೋಡಲು ಬಂದರೆ ಕೈಯಲ್ಲಿ ಜೇನುಬಣ್ಣದ ಅಂಬರಿನ ಮಣಿಸರ ಇದ್ದೇ ಇರುತ್ತಿತ್ತು. ಸರ ಹಿಡಿದವರೆಲ್ಲ ದೇವರನ್ನು ನೆನೆಯುತ್ತಾರೆಂದು ತಿಳಿಯಬೇಡಿ, ಇವನು ನೆನೆಯುತ್ತಿದ್ದುದು ಟಿಕೆಟ್ಟನ್ನು. ಕತ್ತಲಲ್ಲಿ ಮಣಿಗಳು ಟಿಕ್ ಟಿಕ್ ಎನ್ನುತ್ತಿದ್ದವು. ದೃಶ್ಯ ಬೇಸರವಾದರೆ ಟಿಕಟಿಕ ಎಂದು ಓಡುತ್ತಿದ್ದವು. ಒಂದು ಸುತ್ತು ಪೂರ್ತಿ ಓಡಿದರೆ, “ಕತ್ತರಿಸು” ಎನ್ನುತ್ತಿದ್ದ. ಎವಾಂಥಿಯಕ್ಕ ಪರದೆಯನ್ನು ನೋಡುತ್ತಲೇ ಇರಲಿಲ್ಲ. ಬೆನ್ನ ಹಿಂದಿನ ಮಣಿಗಳಿಗೆ ಕಿವಿಗೊಟ್ಟು, ಎಲ್ಲಿ ಓಡಿದವೋ ಅಲ್ಲಿ ಬಳಪದ ಗುರುತು ಹಾಕಿಕೊಳ್ಳುತ್ತಿದ್ದರು.

ಕರ್ನಲ್‌ಗಳು ಬರುವ ಹಿಂದಿನ ವರ್ಷದ ಮಾತು. ಆಸ್ಟ್ರೇಲಿಯಾಕ್ಕೆ ಹೊರಟ ಮದುಮಗಳ ಕಥೆಯೊಂದನ್ನು ಕೊಸ್ಮಾಸ್ ತೆಗೆಯುತ್ತಿದ್ದ. ಆಗ ಹಾಗಿತ್ತು. ಅಲ್ಲಿಗೆ ವಲಸೆ ಹೋಗಿದ್ದ ಗಂಡಿನ ಫೋಟೋ ಒಂದು ಬರುತ್ತಿತ್ತು, ಹುಡುಗಿ ಅವನನ್ನು ಮದುವೆಯಾಗಲು ಹಡಗು ಹತ್ತುತ್ತಿದ್ದಳು. ಪಿರಿಯಸ್ ಬಂದರಿನಲ್ಲಿ ಹಡಗಿನ ಮೇಲಿದ್ದವರು ಬಣ್ಣದ ಕಾಗದದ ಸುರುಳಿಯ ಒಂದು ತುದಿ ಹಿಡಿದು ಸುರುಳಿಯನ್ನು ಕೆಳಗೆ ಎಸೆಯುತ್ತಿದ್ದರು, ದಡದಲ್ಲಿದ್ದವರು ಅದನ್ನು ಹಿಡಿದು ನಿಲ್ಲುತ್ತಿದ್ದರು. ಹಡಗು ಸರಿದಂತೆ ಪಟ್ಟಿ ಬಿಚ್ಚಿಕೊಳ್ಳುತ್ತಾ ಬಿಗಿಯುತ್ತಾ ಕೊನೆಗೆ ಹರಿಯುತ್ತಿತ್ತು.

ಜನರನ್ನು ಬಾಡಿಗೆಗೆ ತರಲು ಕೊಸ್ಮಾಸ್‌ಗೆ ಮನಸ್ಸಿಲ್ಲ. ಹೇಗೂ ನಿಜವಾದ ಹಡಗು ಹೊರಡುತ್ತದೆ, ಅಲ್ಲೇ ಕ್ಯಾಮೆರಾ ಇಡಿ ಎಂದ. ಮದುಮಗಳ ತಾಯಿಯಾಗಿ ದಡದಲ್ಲಿ ನಿಂತ ನಟಿ ಅತ್ತಳು, ಚೆನ್ನಾಗಿಯೇ ಅತ್ತಳು. ಆದರೆ ಕ್ಯಾಮೆರಾದವನು ಆಕೆಯ ಹಿಂದೆ ನಿಂತಿದ್ದ ಇನ್ನೊಬ್ಬ ಹೆಂಗಸನ್ನೂ ತೆಗೆದಿದ್ದ. ನಟಿಯಲ್ಲ, ಯಾರೋ. ತಲೆಗೆ ಬಟ್ಟೆ ಕಟ್ಟಿದ್ದಳು, ಅಳುತ್ತಿರಲಿಲ್ಲ. ಪಟ್ಟಿ ಬಿಗಿಯುತ್ತದೆ, ಹರಿಯುತ್ತದೆ. ತನ್ನ ಕೈಯಲ್ಲಿ ಉಳಿದ ತುಂಡನ್ನು ಆಕೆ ಬೆರಳಿಗೆ ಸುತ್ತಿ, ಸುತ್ತಿ, ಬಿಚ್ಚಿ, ಚೀಲದಲ್ಲಿಟ್ಟು, ಚೀಲದ ಬಾಯಿ ಮುಚ್ಚುತ್ತಾಳೆ. ಅಷ್ಟೇ.

ಎವಾಂಥಿಯಕ್ಕ ನಟಿಯ ಅಳುವನ್ನು ತೆಗೆದು ಇದನ್ನು ಇಟ್ಟರು.

“ಯಾರಿವಳು?” ಎಂದು ಕತ್ತಲಲ್ಲಿ ಕೊಸ್ಮಾಸ್ ಕೇಳಿದ. “ನಾನು ದುಡ್ಡು ಕೊಟ್ಟು ಕರೆಸಿದವಳ ಮುಖ ಎಲ್ಲಿ? ಕತ್ತರಿಸಿ ಬಿಸಾಕು ಇದನ್ನ.”

“ಕೊಸ್ಮಾಸ್ ಸಾರ್, ನಿಮ್ಮ ಮಣಿ ನಿಂತಿದಾವೆ,” ಎಂದರು ಎವಾಂಥಿಯಕ್ಕ.

ನಿಂತಿದ್ದವು. ಅವನು ಕೈಯನ್ನು ನೋಡಿಕೊಂಡ, ಮಣಿಗಳು ತನಗೆ ಮೋಸ ಮಾಡಿದಂತೆ. ಆ ಶಾಟ್ ಉಳಿಯಿತು.

ಬಹಳ ವರ್ಷಗಳ ನಂತರ ಬೀನ್ಸ್ ಬಿಡಿಸುತ್ತಾ ಅವರು ಉಳಿದದ್ದನ್ನು ನನಗೆ ಹೇಳಿದರು. ಅವರ ತಂಗಿ ಮರಿಗೋ ಕೂಡ ಹಾಗೇ ಫೋಟೋ ಹಿಡಿದು ಹಡಗು ಹತ್ತಿದವಳು, ಆ ಸಿನಿಮಾಕ್ಕಿಂತ ಎಷ್ಟೋ ವರ್ಷ ಮುಂಚೆ. ಅಂದು ಕೊಸ್ಮಾಸ್ ಇವರಿಗೆ ರಜೆ ಕೊಡಲಿಲ್ಲ. ಹಾಸ್ಯಚಿತ್ರ, ತುರ್ತು. ತಂಗಿಯ ಹಡಗು ಬಂದರು ಬಿಡುವಾಗ ಇವರು ಒಬ್ಬ ದಪ್ಪ ನಟ ಕಾರಂಜಿಯೊಳಗೆ ಬೀಳುವ ತುಂಡಿಗೆ ಅಂಟು ಹಚ್ಚುತ್ತಿದ್ದರು. ಮರಿಗೋ ಎಸೆದ ಪಟ್ಟಿಯನ್ನು ಯಾರು ಹಿಡಿದರೋ, ಹಿಡಿದರೋ ಇಲ್ಲವೋ, ಇವರಿಗೆ ಗೊತ್ತಿಲ್ಲ. ಮರಿಗೋ ಮತ್ತೆ ಬರಲಿಲ್ಲ. ಅಡಿಲೇಡಿನಲ್ಲೇ ಮಣ್ಣಾದಳು.

ಒಂದು ಹೊತ್ತಿನ ರಜೆ ಕೊಟ್ಟಿದ್ದರೆ ಆ ದಪ್ಪ ನಟ ಕಾರಂಜಿಗೆ ಮಾರನೆಯ ದಿನ ಬೀಳುತ್ತಿದ್ದನಷ್ಟೆ. ಕೊಸ್ಮಾಸ್ ಸತ್ತಾಗ ಪತ್ರಿಕೆಗಳು ಅವನನ್ನು ಚಿತ್ರರಂಗದ ತಂದೆ ಎಂದವು. ಅಷ್ಟರಲ್ಲಿ ಪತ್ರಿಕೆಗಳಿಗೆ ಹಾಸ್ಯ ಬರೆದು ಹೊಟ್ಟೆ ಹೊರೆಯುತ್ತಿದ್ದ ನಾನು, ಅಂಥ ತಂದೆ ಇದ್ದರೆ ತಬ್ಬಲಿಯಾಗಿರುವುದೇ ಮೇಲೆಂದು ಒಂದು ಲೇಖನ ಬರೆದೆ. ಸಂಪಾದಕರು ಅದನ್ನು ಹಿಂದಿರುಗಿಸಿ, ಹಾಸ್ಯ ಸಾಲದು ಎಂದರು.

ಟೀವಿ ಬಂದ ಮೇಲೆ ಸ್ಟುಡಿಯೋ ಮುಚ್ಚಿ ಅಲ್ಲಿ ಟೈಲ್ಸ್ ಅಂಗಡಿಯಾಯಿತು. ಎವಾಂಥಿಯಕ್ಕ ಕೆಲಕಾಲ ಜಾಹೀರಾತುಗಳನ್ನು ಕತ್ತರಿಸಿದರು, ಆಮೇಲೆ ಕತ್ತರಿ ಕೆಳಗಿಟ್ಟರು. ಗಂಡ ತೀರಿಕೊಂಡ ಮೇಲೆ ನಮ್ಮ ಕಟ್ಟಡಕ್ಕೇ, ನಮ್ಮ ಮೇಲಿನ ಮಹಡಿಗೆ ಬಂದರು. ಅಷ್ಟರಲ್ಲಿ ಖಾಸಗಿ ಚಾನೆಲ್‌ಗಳು ಹುಟ್ಟಿ, ಹಳೆಯ ಸಿನಿಮಾಗಳನ್ನು ಶನಿವಾರ ಭಾನುವಾರದ ಮಧ್ಯಾಹ್ನ ಊಟಕ್ಕೆ ನಂಚಿಕೊಳ್ಳಲು ಹಾಕತೊಡಗಿದ್ದವು.

ಒಂದು ಶನಿವಾರ ಆ ಮದುಮಗಳ ಸಿನಿಮಾ ಬಂತು. ನಮ್ಮ ಟೀವಿ ದೊಡ್ಡದೆಂದು ಎವಾಂಥಿಯಕ್ಕನನ್ನು ಫ್ರೋಸೊ ಕೆಳಗೆ ಕರೆದಳು. ಹೆಸರುಗಳನ್ನು ಚಾನೆಲಿನವರು ಹಾರಿಸಿಯೇಬಿಟ್ಟಿದ್ದರು, ಈ ಸಲ ಸೋಫಾದ ಅಂಗಡಿಗೂ ಅನ್ಯಾಯ. ಸರಿ, ಅದನ್ನು ನುಂಗಿಕೊಂಡೆವು. ಬಂದರು ಬಂತು. ತಲೆಗೆ ಬಟ್ಟೆ ಕಟ್ಟಿದ ಹೆಂಗಸು ಬಂದಳು. ಪಟ್ಟಿ ಬಿಗಿಯಿತು, ಇನ್ನೂ ಬಿಗಿಯಿತು.

ಬಟ್ಟೆ ಸೋಪು ಬಂತು. ಒಬ್ಬಾಕೆ ಬಿಳಿ ಹಾಸುಬಟ್ಟೆ ಹಿಡಿದುಕೊಂಡು ಕುಣಿದಳು. ಅದಾದ ಮೇಲೆ ಸಿನಿಮಾ ಸೀದಾ ಮೆಲ್ಬರ್ನಿನಿಂದ ಶುರುವಾಯಿತು. ಪಟ್ಟಿ ಹರಿಯಲೇ ಇಲ್ಲ. ಸೋಪಿಗೆ ಜಾಗ ಮಾಡಲು ಅಷ್ಟನ್ನು ತೆಗೆದಿದ್ದರು.

ನಾನು ಟೀವಿಯನ್ನು ಉದ್ದೇಶಿಸಿ ಏನೇನೋ ಅಂದೆ. ಅದರಲ್ಲಿ ಅಚ್ಚು ಹಾಕಬಹುದಾದದ್ದು ಏನೂ ಇರಲಿಲ್ಲ. ಎವಾಂಥಿಯಕ್ಕ ಎದ್ದು ನಿಂತರು. ಮೂರು ದಶಕದಲ್ಲಿ ಮೊದಲ ಸಲ ಅವರಿಗೆ ಸಿಟ್ಟು ಬಂದದ್ದನ್ನು ಕಂಡೆ.

“ಹರೀಲಿಲ್ಲ ಅಂದ್ರೆ ಅವರು ಹೋಗೇ ಇಲ್ಲ ಅಂತಾಯ್ತು, ಸ್ತಾಥಿ,” ಎಂದರು. “ಹಡಗು ಅಲ್ಲೇ ನಿಂತ ಹಾಗಾಯ್ತು. ಅದು ಸುಳ್ಳು. ಹೋದ್ರು ಅವರು. ಹೆಸರು ತೆಗೀಲಿ, ನನ್ನದೇ ತೆಗೀಲಿ. ಆ ಹೆಂಗಸು ಮಾತ್ರ ಪಟ್ಟೀನ ಚೀಲದಲ್ಲಿ ಇಡ್ಲೇಬೇಕು.”

ಚಾನೆಲ್‌ಗೆ ಫೋನ್ ಮಾಡಿದೆ. ಸಂಗೀತ ಕೇಳಿಸಿದರು. ಮರುದಿನ ಮಾಡಿದೆ, ಅದೇ ಸಂಗೀತ. ಕೊನೆಗೊಂದು ಹುಡುಗಿ, “ಸಿನಿಮಾ ಬಂತಲ್ಲ ಸಾರ್, ಇನ್ನೇನು ತೊಂದರೆ?” ಎಂದಳು. ಹರಿಯಲಿಲ್ಲ ಎಂದೆ. “ಹರೀದೇ ಇದ್ರೆ ಒಳ್ಳೇದೇ ಅಲ್ವಾ ಸಾರ್?” ಎಂದು ಇಟ್ಟಳು. ಎರಡು ಸಲ ಮರೂಸಿಯಲ್ಲಿದ್ದ ಅವರ ಗಾಜಿನ ಕಟ್ಟಡಕ್ಕೇ ಹೋದೆ. ಬಾಗಿಲ ಕಾವಲಿನವನು ನಾನು ಹಾಸ್ಯ ಬರೆಯುವವನೆಂದು ಕೇಳಿ ನಕ್ಕ, ಒಳಗೆ ಮಾತ್ರ ಬಿಡಲಿಲ್ಲ.

ಕಾರ್ಯಕ್ರಮಗಳ ಮುಖ್ಯಸ್ಥನ ಹೆಸರು ವ್ಲಾಸಿಸ್ ಎಂದು ಬೋರ್ಡಿನಲ್ಲಿ ಓದಿದ್ದೆ. ಅದನ್ನು ಹೇಳಿದೊಡನೆ ಫ್ರೋಸೊ ಕ್ಯಾಲೆಂಡರ್ ಕಡೆ ತಿರುಗಿದಳು. “ಮಂಕೇ, ಹನ್ನೊಂದನೇ ತಾರೀಕು ಸಂತ ವ್ಲಾಸಿಸ್ ದಿನ. ಆ ಸಂತನ ಹೆಸರಿಟ್ಟುಕೊಂಡವರಿಗೆಲ್ಲ ಹೆಸರಿನ ಹಬ್ಬ. ಅವತ್ತು ಬಾಗಿಲು ಹಾಕೋ ಹಾಗಿಲ್ಲ, ಬಂದವರನ್ನ ಯಾಕೆ ಬಂದ್ರಿ ಅನ್ನೋ ಹಾಗಿಲ್ಲ. ಮಿಠಾಯಿ ತಗೊಂಡು ಹೋಗಿ.”

ಹೋದೆವು. ಎವಾಂಥಿಯಕ್ಕ ವಿಧವೆಯ ಕಪ್ಪು ಬಟ್ಟೆಯಲ್ಲಿ, ನಾನು ಹಾಲಿನ ಕೆನೆಯ ಸಿಹಿಯ ಡಬ್ಬಿ ಹೊತ್ತು. ಹಿಂದೆ ನನ್ನನ್ನು ತಡೆದಿದ್ದ ಅದೇ ಕಾವಲಿನವನು ಡಬ್ಬಿಗೆ ಕಟ್ಟಿದ್ದ ರಿಬ್ಬನ್ ನೋಡಿ, “ಮೂರನೇ ಮಹಡಿ,” ಎಂದ.

ಕೋಣೆಯ ತುಂಬ ಜನ. ವ್ಲಾಸಿಸ್ ಮೂವತ್ತೈದರ ಆಸುಪಾಸಿನವನು, ತಲೆಗೆ ಎಣ್ಣೆಯಂಥದ್ದೇನೋ ಹಚ್ಚಿದ್ದ. ಎವಾಂಥಿಯಕ್ಕ ಅವನ ಮುಂದೆ ನಿಂತು, “ನೂರು ಕಾಲ ಬಾಳಪ್ಪಾ, ನಿನ್ನ ಹೆಸರು ಬೆಳಗಲಿ,” ಎಂದರು.

ಅವನು ಅವರನ್ನು ನೋಡಿದ. ಅವನ ಕಣ್ಣುಗಳು ಊರಿನ ಮನೆಮನೆಗೂ ಹೋಗಿ ಬಂದದ್ದು ನನಗೆ ಕಾಣಿಸಿತು. ಹಬ್ಬದ ದಿನ, ಕಪ್ಪು ಬಟ್ಟೆಯ ಹಿರಿಯ ಹೆಂಗಸು ಸಿಹಿ ತಂದಿದ್ದಾಳೆ. ನೀವು ಯಾರು ಎಂದು ಕೇಳಿದರೆ ಸಂಜೆಯೊಳಗೆ ತಾಯಿಗೆ ಸುದ್ದಿ ಮುಟ್ಟುತ್ತದೆ.

“ಓ, ದೊಡ್ಡಮ್ಮಾ,” ಎಂದು ತಬ್ಬಿಕೊಂಡ. “ಎಷ್ಟು ವರ್ಷ ಆಯ್ತು. ಹಾಗೇ ಇದೀರಿ ನೋಡಿ. ದೊಡ್ಡಪ್ಪ ಹೇಗಿದಾರೆ?”

“ಸತ್ತು ಎಂಟು ವರ್ಷ ಆಯ್ತು.”

“ಅಯ್ಯೋ. ನನಗೆ ಯಾರೂ ಹೇಳಲೇ ಇಲ್ಲ.”

“ಯಾರು ಹೇಳ್ತಾರಪ್ಪಾ ನಿನಗೆ,” ಎಂದರು ಎವಾಂಥಿಯಕ್ಕ. ಅದರಲ್ಲಿ ಸುಳ್ಳೇನೂ ಇರಲಿಲ್ಲ.

ಕೂರಿಸಿದರು, ಸಣ್ಣ ಗ್ಲಾಸಿನಲ್ಲಿ ಚೆರಿ ಮದ್ಯ ಕೊಟ್ಟರು. ನನ್ನ ಪಕ್ಕದಲ್ಲೇ ಅವನು ಕಾರ್ಯದರ್ಶಿಯ ಕಿವಿಯಲ್ಲಿ, “ಯಾರೇ ಇವರು?” ಎಂದ. “ನಿಮ್ಮ ತಂದೆ ಕಡೆಯವರು ಅಂತ ಕಾಣತ್ತೆ ಸಾರ್, ಮೂಗು ನೋಡಿ,” ಎಂದಳು ಆಕೆ.

“ದೊಡ್ಡಮ್ಮಾ, ಏನಾದ್ರೂ ಬೇಕಿದ್ರೆ ಸಂಕೋಚ ಮಾಡಬೇಡಿ,” ಎಂದ ವ್ಲಾಸಿಸ್, ಎಲ್ಲರಿಗೂ ಕೇಳುವ ಹಾಗೆ.

ಎವಾಂಥಿಯಕ್ಕ ಸಂಕೋಚ ಮಾಡಲಿಲ್ಲ. ಮದುಮಗಳ ಸಿನಿಮಾ, ಪಟ್ಟಿ, ಸೋಪು, ಎಲ್ಲ ಹೇಳಿದರು.

ಅವನ ಮುಖ ಕಚೇರಿಯ ಮುಖವಾಯಿತು. “ಅದು ಹಾಗಲ್ಲ ದೊಡ್ಡಮ್ಮಾ. ಜಾಹೀರಾತಿನ ಹೊತ್ತು ಮೊದಲೇ ನಿಗದಿಯಾಗಿರತ್ತೆ. ಜತೆಗೆ, ಏನೂ ನಡೀದೇ ಇರೋ ದೃಶ್ಯ ಅದು. ಜನ ಚಾನೆಲ್ ಬದಲಾಯಿಸಿಬಿಡ್ತಾರೆ.”

“ಏನೂ ನಡೆಯಲ್ವಾ?” ಎಂದರು ಎವಾಂಥಿಯಕ್ಕ. ಅವರ ದನಿ ಏರಿರಲಿಲ್ಲ, ಆದರೂ ಗ್ಲಾಸು ಹಿಡಿದವರೆಲ್ಲ ಇತ್ತ ತಿರುಗಿದರು. “ನಿಮ್ಮ ಮನೇಲಿ ಯಾರು ಹೋದ್ರಪ್ಪಾ?”

“ಎಲ್ಲಿಗೆ?”

“ಹಡಗಲ್ಲಿ.”

ಅವನು ಗ್ಲಾಸು ತಿರುಗಿಸಿದ. “ಚಿಕ್ಕಮ್ಮ. ನಮ್ಮಮ್ಮನ ತಂಗಿ.”

“ನಮ್ಮತ್ತೇರು ಇಬ್ಬರೂ,” ಎಂದಳು ಕಾರ್ಯದರ್ಶಿ, ಯಾರೂ ಕೇಳದಿದ್ದರೂ. ಬಾಗಿಲ ಬಳಿ ನಿಂತಿದ್ದ ಜಾಹೀರಾತು ವಿಭಾಗದವನು, “ನಮ್ಮ ದೊಡ್ಡಕ್ಕ,” ಎಂದ.

“ನಿಮ್ಮಮ್ಮ ಬಂದರಿನಿಂದ ಮನೆಗೆ ಬಂದು ಏನು ಮಾಡಿದ್ರು, ಕೇಳಿದೀಯಾ? ನಿನ್ನ ಸೋಪಿನವಳ ಥರ ಕುಣಿದ್ರಾ? ಜಾಹೀರಾತು ಹಾಕಬೇಡಿ ಅಂತ ನಾನು ಹೇಳಲ್ಲ. ನಾನೇ ಎಷ್ಟೋ ಜಾಹೀರಾತು ಕತ್ತರಿಸಿದೀನಿ. ಹಾಕಿ. ಅವಳು ಚೀಲ ಮುಚ್ಚಲಿ, ಆಮೇಲೆ ಹಾಕಿ. ಅಷ್ಟು ಹೊತ್ತು ಕಾಯಕ್ಕೆ ಆಗಲ್ವಾ ನಿಮ್ಮ ಸೋಪಿಗೆ? ಇಡೀ ದೇಶ ಬಂದರಲ್ಲಿ ನಿಂತು ಕಾದಿದೆಯಲ್ಲಪ್ಪಾ.”

ನಾನು ಮಾಡಬೇಕೆಂದು ವಾರಗಟ್ಟಲೆ ಸಿದ್ಧಪಡಿಸಿದ್ದ ಭಾಷಣವನ್ನು ಸಿಹಿಯ ಜತೆಗೇ ನುಂಗಿಕೊಂಡೆ.

ವ್ಲಾಸಿಸ್ ಜಾಹೀರಾತಿನವನ ಕಡೆ ನೋಡಿದ. ಜಾಹೀರಾತಿನವನು ನೆಲ ನೋಡಿದ. ಹೆಸರಿನ ಹಬ್ಬದ ದಿನ, ಜನರೆದುರು, ದೊಡ್ಡಮ್ಮ ಕೇಳಿದ್ದನ್ನು ಇಲ್ಲ ಎಂದವನು ನಮ್ಮಲ್ಲಿ ಇನ್ನೂ ಹುಟ್ಟಿಲ್ಲ.

“ಮುಂದಿನ ಭಾನುವಾರ ಇನ್ನೊಂದು ಸಲ ಹಾಕೋಣ,” ಎಂದ. “ಪೂರ್ತಿ. ಮಾತು ಕೊಟ್ಟೆ.” ಲಿಫ್ಟಿನವರೆಗೂ ಬಂದು ಬೀಳ್ಕೊಟ್ಟ. ಊರಿನಲ್ಲಿ ಎಲ್ಲರಿಗೂ ನೆನಪು ಹೇಳಿ ಎಂದ. ಎವಾಂಥಿಯಕ್ಕ ಕೊಕ್ಕಿನಿಯಾದಲ್ಲಿ ಹೇಳುತ್ತೇನೆಂದರು.

ಭಾನುವಾರ ಮಧ್ಯಾಹ್ನ ನಮ್ಮ ಮನೆಯಲ್ಲಿ ಯಾರೂ ತಟ್ಟೆ ಎತ್ತಲಿಲ್ಲ. ಹೆಸರುಗಳನ್ನು ಈ ಸಲವೂ ಹಾರಿಸಿದ್ದರು. ಮಾತು ಕೊಟ್ಟದ್ದು ಪಟ್ಟಿಗೆ, ಹೆಸರಿಗಲ್ಲವಲ್ಲ. ನಾನು ಟೀವಿಗೆ ಬೈಯಲು ಬಾಯಿ ತೆರೆದೆ, ಫ್ರೋಸೊ ಬಾಯಿಗೆ ರೊಟ್ಟಿ ಇಟ್ಟಳು.

ಬಂದರು ಬಂತು. ಹಡಗಿನ ಪಕ್ಕೆ ಮೆಲ್ಲಗೆ ಸರಿಯಿತು. ಪಟ್ಟಿಗಳು ಬಿಚ್ಚಿಕೊಂಡವು. ತಲೆಗೆ ಬಟ್ಟೆ ಕಟ್ಟಿದ ಹೆಂಗಸಿನ ಪಟ್ಟಿ ಬಿಗಿಯಿತು, ಇನ್ನೂ ಬಿಗಿಯಿತು. ಸೋಪು ಬರಲಿಲ್ಲ. ಹರಿಯಿತು. ಅವಳು ತುಂಡನ್ನು ಬೆರಳಿಗೆ ಸುತ್ತಿದಳು, ಬಿಚ್ಚಿದಳು, ಚೀಲದಲ್ಲಿಟ್ಟಳು. ಚೀಲದ ಬಾಯಿ ಮುಚ್ಚಿದಳು. ತುಸು ಹೊತ್ತು ಸುಮ್ಮನೆ ನಿಂತಿದ್ದಳು.

ಫ್ರೋಸೊ ಕರವಸ್ತ್ರ ಸಿಗದೆ ಮೇಜುಬಟ್ಟೆಯಲ್ಲೇ ಕಣ್ಣೊರೆಸಿಕೊಳ್ಳುತ್ತಿದ್ದಳು. ಎದುರು ಮನೆಯ ಬಾಲ್ಕನಿಯಿಂದಲೂ ಯಾರೋ ಮೂಗು ಸೀಟುವ ಸದ್ದು. ಫ್ರೋಸೊ ಇಟ್ಟ ರೊಟ್ಟಿ ನನ್ನ ಬಾಯಲ್ಲೇ ಇತ್ತು, ಬೈಯುವುದು ಮರೆತುಹೋಗಿತ್ತು. ಎವಾಂಥಿಯಕ್ಕ ಕನ್ನಡಕ ತೆಗೆದು ನಿಧಾನವಾಗಿ ಒರೆಸಿ ಮತ್ತೆ ಹಾಕಿಕೊಂಡರು.

“ಹೇಗಿತ್ತಕ್ಕಾ?” ಎಂದೆ.

“ಕೊನೇಲಿ ಒಂಚೂರು ಉದ್ದ ಆಯ್ತು.”